ಎದುರು ಕಕ್ಷಿ ಬಾರದ ದಿನ

ತಮ್ಮ ನಡುವೆ ತೀರ್ಪು ನೀಡಲಿಕ್ಕಾಗಿ ಅಲ್ಲಾಹನ ಮತ್ತು ಅವನ ಸಂದೇಶವಾಹಕರ ಕಡೆಗೆ ಕರೆಯಲ್ಪಟ್ಟಾಗ ಮುಖ ತಿರುಗಿಸಿ ಹೋಗುತ್ತಿದ್ದ ಒಂದು ಗುಂಪಿನ ಪ್ರಸ್ತಾಪ ಪವಿತ್ರ ಕುರ್‌ಆನಿನ ಅನ್ನೂರ್ ಅಧ್ಯಾಯದಲ್ಲಿದೆ. ಹಕ್ಕು ತಮ್ಮ ಕಡೆಗಿದೆಯೆಂದು ಖಚಿತವಾದರೆ ಮಾತ್ರ ಅದೇ ಜನರು ಬಲು ವಿಧೇಯರಾಗಿ ಬಂದುಬಿಡುತ್ತಿದ್ದರು (24:48-49). ಇವರ ಹೃದಯಕ್ಕೆ ರೋಗ ತಗಲಿದೆಯೇ, ಸಂಶಯ ಹಿಡಿದಿದೆಯೇ, ತಮಗೆ ಅನ್ಯಾಯವಾದೀತೆಂಬ ಅಂಜಿಕೆಯೇ ಎಂದು ಮುಂದಿನ ಸೂಕ್ತವು ಪ್ರಶ್ನಿಸಿ, ಕೊನೆಗೆ ಅಕ್ರಮಿಗಳು ಸ್ವತಃ ಅವರೇ ಎಂದು ಸಾರುತ್ತದೆ.

ಇಲ್ಲೊಂದು ಅಂಶವನ್ನು ಗಮನಿಸಬೇಕು. ಈ ಜನರು ಸುಳ್ಳು ವಾದ ಮಂಡಿಸಿದರೆಂದೋ ಸುಳ್ಳು ಸಾಕ್ಷಿ ಹೇಳಿದರೆಂದೋ ಇಲ್ಲಿ ಖಂಡಿಸಲಾಗಿಲ್ಲ. ಅವರು ಮಾಡಿದ್ದು ಇಷ್ಟೇ: ಕರೆದಾಗ ಬರಲಿಲ್ಲ. ಬಾರದಿರುವುದು ಕೂಡ ಒಂದು ಉತ್ತರ. ಅದರ ಹಿಂದೆ ಒಂದು ಮನಸ್ಸಿದೆ, ಆ ಮನಸ್ಸಿಗೆ ಲೆಕ್ಕವಿದೆ.

ಇಂದಿನ ನಮ್ಮ ನ್ಯಾಯಾಲಯಗಳು ಪ್ರವಾದಿವರ್ಯರ(ಸ) ಸನ್ನಿಧಿಯಲ್ಲ, ನಿಜ. ಅಲ್ಲಿ ಕುಳಿತವರು ನಮ್ಮಂತೆಯೇ ಮನುಷ್ಯರು, ಅಲ್ಲಿ ನಡೆಯುವುದು ದೇಶದ ಕಾನೂನು. ಆದರೆ ನ್ಯಾಯದಿಂದ ತಪ್ಪಿಸಿಕೊಳ್ಳುವ ಆ ರೋಗ ಇಂದಿಗೂ ಹಾಗೆಯೇ ಇದೆ. ಬಾಗಲಕೋಟೆಯ ಜಿಲ್ಲಾ ನ್ಯಾಯಾಲಯದಲ್ಲಾಗಲಿ, ಬಾದಾಮಿ ಅಥವಾ ಹುನಗುಂದದ ನ್ಯಾಯಾಲಯದಲ್ಲಾಗಲಿ ಬೆಳಿಗ್ಗೆ ಸ್ವಲ್ಪ ಹೊತ್ತು ನಿಂತು ನೋಡಿದವರಿಗೆ ಇದು ತಿಳಿಯುತ್ತದೆ. ಜವಾನನು ಬಾಗಿಲಿಗೆ ಬಂದು ಹೆಸರು ಹಿಡಿದು ಕೂಗುತ್ತಾನೆ. ಒಬ್ಬರು ಬರುತ್ತಾರೆ, ಇನ್ನೊಬ್ಬರು ಬರುವುದಿಲ್ಲ. ಎಷ್ಟೋ ವರ್ಷದ ವ್ಯಾಜ್ಯ ನಾಲ್ಕು ನಿಮಿಷದಲ್ಲಿ ಮುಗಿದುಹೋಗುತ್ತದೆ.

ಕಾನೂನು ಏನು ಹೇಳುತ್ತದೆ?

1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ ಒಂಬತ್ತನೆಯ ಆದೇಶವು ಇಂತಹ ಸಂದರ್ಭಗಳನ್ನು ಕುರಿತದ್ದು. ವಿಚಾರಣೆಗೆ ಕೂಗಿದಾಗ ವಾದಿ, ಪ್ರತಿವಾದಿ ಇಬ್ಬರೂ ಬಾರದಿದ್ದರೆ ನ್ಯಾಯಾಲಯವು ದಾವೆಯನ್ನು ವಜಾ ಮಾಡಬಹುದು. ವಾದಿ ಮಾತ್ರ ಬಂದು, ಸಮನ್ಸು ತಲುಪಿಯೂ ಪ್ರತಿವಾದಿ ಬಾರದಿದ್ದರೆ ಅವನ ಗೈರುಹಾಜರಿಯಲ್ಲೇ ವಿಚಾರಣೆ ನಡೆಯುತ್ತದೆ. ಪ್ರತಿವಾದಿ ಬಂದು ವಾದಿಯೇ ಬಾರದಿದ್ದರೆ ದಾವೆ ವಜಾ ಆಗುತ್ತದೆ. ವಾದಿಯ ಮಾತು ಸತ್ಯವೋ ಸುಳ್ಳೋ ಎಂಬುದನ್ನು ಆ ದಿನ ಯಾರೂ ತೂಗುವುದಿಲ್ಲ. ಕಾಗದಪತ್ರ ಕಟ್ಟಿನಲ್ಲೇ ಉಳಿಯುತ್ತದೆ, ಸಾಕ್ಷಿಗಳು ಬಾಯಿ ತೆರೆದಿರುವುದಿಲ್ಲ. ದಾವೆ ಹೂಡಿದವನು ಬಂದಿಲ್ಲ ಎಂಬುದೊಂದೇ ಕಾರಣ.

ಈ ಮೂರನೆಯ ಸಂದರ್ಭವನ್ನು ಒಂದು ಉದಾಹರಣೆಯಿಂದ ನೋಡೋಣ. ಹಳೆ ಬಾಗಲಕೋಟೆಯ ಒಂದು ಕುಟುಂಬವನ್ನು ಕಲ್ಪಿಸಿಕೊಳ್ಳಿ. ಆಲಮಟ್ಟಿ ಅಣೆಕಟ್ಟಿನ ಹಿನ್ನೀರು ಬಂದು ಅವರ ಮನೆ ಮುಳುಗಡೆಗೆ ಸೇರಿತು. ತಂದೆಗೆ ನವನಗರದಲ್ಲಿ ನಿವೇಶನ, ಜೊತೆಗೆ ಪರಿಹಾರದ ಹಣ ಸಿಕ್ಕಿತು. ತಂದೆ ತಾಯಿ ಇಬ್ಬರೂ ತೀರಿಕೊಂಡರು. ಇಬ್ಬರು ಗಂಡುಮಕ್ಕಳು, ಒಬ್ಬಳು ಮಗಳು. ಸಾಲ ಮತ್ತು ವಸಿಯ್ಯತ್ ತೀರಿಸಿದ ಬಳಿಕ ಉಳಿದುದನ್ನು ಅಲ್ಲಾಹನ ನಿಯಮದಂತೆ ಐದು ಭಾಗ ಮಾಡಿದರೆ ಗಂಡುಮಕ್ಕಳಿಗೆ ತಲಾ ಎರಡು, ಮಗಳಿಗೆ ಒಂದು. ಮನೆ ಮುಳುಗಿದರೂ ಪಾಲು ಮುಳುಗಲಿಲ್ಲ. ಮನೆಯ ಬದಲಿಗೆ ಬಂದ ಹಣಕ್ಕೂ ನಿವೇಶನಕ್ಕೂ ಅದೇ ಲೆಕ್ಕ. ಆದರೆ ಹಣ ಅಣ್ಣಂದಿರ ಕೈಯಲ್ಲೇ ಉಳಿಯಿತು. ಇಳಕಲ್ಲಿಗೆ ಮದುವೆಯಾಗಿ ಹೋಗಿದ್ದ ತಂಗಿ ವಿಧವೆಯಾಗಿ ಎರಡು ಮಕ್ಕಳೊಂದಿಗೆ ಮಗ್ಗದ ಕೂಲಿಯಲ್ಲಿ ದಿನ ನೂಕುತ್ತಿದ್ದಾಳೆ. ಕೇಳಿ ಕೇಳಿ ಸಾಕಾಗಿ ಕೊನೆಗೆ ಪಾಲಿಗಾಗಿ ದಾವೆ ಹೂಡಿದಳು.

ವಿಚಾರಣೆಯ ದಿನ ಬಂತು. ಇಳಕಲ್ಲಿನಿಂದ ಹುನಗುಂದ, ಅಮೀನಗಡ ದಾಟಿ ಬಾಗಲಕೋಟೆಗೆ ಬರಬೇಕು. ಮಗುವಿಗೆ ಜ್ವರ. ಆ ದಿನದ ಕೂಲಿ ಹೋದರೆ ಒಲೆ ಉರಿಯುವುದಿಲ್ಲ. ಇವೆಲ್ಲಕ್ಕಿಂತ ಮಿಗಿಲಾಗಿ, ಕೋರ್ಟಿನ ಅಂಗಳದಲ್ಲಿ ಅಣ್ಣನ ಎದುರು ನಿಂತರೆ ತವರಿನ ಬಾಗಿಲು ಮುಚ್ಚಿಯೇ ಹೋದೀತೆಂಬ ಭಯ. ಅವಳು ಬರಲಿಲ್ಲ. ವಕೀಲರೂ ಆ ಹೊತ್ತಿಗೆ ಇನ್ನೊಂದು ನ್ಯಾಯಾಲಯದಲ್ಲಿದ್ದರು. ದಾವೆ ವಜಾ ಆಯಿತು.

ಅಣ್ಣಂದಿರು ಮೆಟ್ಟಿಲಿಳಿದು ಬರುತ್ತಾರೆ. ಚಹಾದಂಗಡಿಯಲ್ಲಿ ಯಾರೋ ಬೆನ್ನು ತಟ್ಟಿ, ಗೆದ್ದಿರಲ್ಲ ಎನ್ನುತ್ತಾರೆ. ಓದುಗರೇ, ಇವರು ಗೆದ್ದದ್ದಾದರೂ ಏನನ್ನು?

ಕಾನೂನು ತೆರೆದಿಟ್ಟ ಬಾಗಿಲು

ಹೆಚ್ಚಿನ ಜನರಿಗೆ ತಿಳಿಯದ ಒಂದು ಸಂಗತಿ ಇಲ್ಲಿದೆ. ವಾದಿ ಬಾರದಿದ್ದರೆ ದಾವೆ ವಜಾ ಎಂದು ಹೇಳುವ ಅದೇ ಒಂಬತ್ತನೆಯ ಆದೇಶದ ಎಂಟನೆಯ ನಿಯಮವು ಒಂದು ಅಪವಾದವನ್ನೂ ಇಟ್ಟಿದೆ. ಹಾಜರಿರುವ ಪ್ರತಿವಾದಿಯು ವಾದಿಯ ಬೇಡಿಕೆಯನ್ನು ಪೂರ್ತಿಯಾಗಿಯೋ ಭಾಗಶಃವಾಗಿಯೋ ಒಪ್ಪಿಕೊಂಡರೆ ನ್ಯಾಯಾಲಯವು ಒಪ್ಪಿಕೊಂಡಷ್ಟಕ್ಕೆ, ಬಾರದಿದ್ದ ವಾದಿಯ ಪರವಾಗಿಯೇ ಡಿಕ್ರಿ ಕೊಡಬೇಕು.

ಇದರ ಅರ್ಥವೇನು? ಆ ದಿನ ತಂಗಿ ಬಾರದಿದ್ದರೂ ಅವಳ ಪಾಲು ಅವಳಿಗೆ ಸಿಗಬಹುದಿತ್ತು. ಅದಕ್ಕೆ ಸಾಕ್ಷಿ ಬೇಕಿರಲಿಲ್ಲ, ದಾಖಲೆ ಬೇಕಿರಲಿಲ್ಲ, ವಕೀಲರ ವಾದವೂ ಬೇಕಿರಲಿಲ್ಲ. ಅಣ್ಣನ ಬಾಯಿಂದ ಒಂದು ಮಾತು ಬರಬೇಕಿತ್ತು: ಸ್ವಾಮಿ, ಅವಳು ಬಂದಿಲ್ಲ, ಆದರೆ ಅವಳ ಪಾಲು ನಿಜ.

ಇಂತಹ ಘಳಿಗೆಗಾಗಿಯೇ ಅನ್ನಿಸಾ ಅಧ್ಯಾಯದ 135ನೆಯ ಸೂಕ್ತ ಇಳಿದಿದೆಯೇನೋ ಎನ್ನಿಸುತ್ತದೆ. ಸತ್ಯವಿಶ್ವಾಸಿಗಳು ನ್ಯಾಯದ ಮೇಲೆ ಗಟ್ಟಿಯಾಗಿ ನಿಲ್ಲಬೇಕು, ಅಲ್ಲಾಹನಿಗಾಗಿ ಸಾಕ್ಷಿ ಹೇಳಬೇಕು, ಅದು ತಮಗೇ ವಿರುದ್ಧವಾದರೂ ಸರಿ, ತಂದೆತಾಯಿ ಬಂಧುಗಳಿಗೆ ವಿರುದ್ಧವಾದರೂ ಸರಿ ಎಂಬುದು ಅದರ ಆದೇಶ. ಇನ್ನೊಬ್ಬನ ವಿರುದ್ಧ ಸಾಕ್ಷಿ ಹೇಳುವುದು ಸುಲಭ. ಎದುರು ಕಕ್ಷಿ ಬಾರದ ದಿನ, ಬಾಯಿ ಮುಚ್ಚಿಕೊಂಡಿದ್ದರೆ ಲಾಭವಿರುವಾಗ, ತನ್ನ ವಿರುದ್ಧ ತಾನೇ ಸಾಕ್ಷಿ ನುಡಿಯುವುದು ಈಮಾನಿನ ಪರೀಕ್ಷೆ. ನಮಾಝಿನ ಸಾಲಿನಲ್ಲಿ ಮುಂದೆ ನಿಲ್ಲುವ ಎಷ್ಟು ಮಂದಿ ಈ ಪರೀಕ್ಷೆಯಲ್ಲಿ ಮುಂದೆ ನಿಂತಾರು?

ತೀರ್ಪಿನಿಂದ ಹರಾಮು ಹಲಾಲ್ ಆಗುವುದಿಲ್ಲ

ನ್ಯಾಯಾಲಯವೇ ವಜಾ ಮಾಡಿದೆ, ಇನ್ನೇನು ಎಂದು ಕೆಲವರು ಸಮಾಧಾನ ಪಡುತ್ತಾರೆ. ಉಮ್ಮು ಸಲಮ(ರ) ಅವರು ವರದಿ ಮಾಡಿದ, ಬುಖಾರಿ ಮತ್ತು ಮುಸ್ಲಿಮ್ ಗ್ರಂಥಗಳಲ್ಲಿರುವ ಹದೀಸನ್ನು ಇವರು ಕೇಳಿರಬೇಕು. ತಾನೂ ಒಬ್ಬ ಮನುಷ್ಯನೇ, ವಾದದಲ್ಲಿ ಜಾಣನಾದವನ ಮಾತು ಕೇಳಿ ತಾನು ಅವನ ಪರ ತೀರ್ಪು ನೀಡಿಬಿಡಬಹುದು, ಹಾಗೆ ಸಹೋದರನ ಹಕ್ಕಿನಿಂದ ಅವನಿಗೆ ಏನಾದರೂ ಸಿಕ್ಕಿದರೆ ಅದು ನರಕಾಗ್ನಿಯ ತುಂಡು ಎಂದು ಪ್ರವಾದಿವರ್ಯರು(ಸ) ಎಚ್ಚರಿಸಿದರು. ಸ್ವತಃ ಪ್ರವಾದಿವರ್ಯರ(ಸ) ತೀರ್ಪಿನಿಂದಲೇ ಅನ್ಯರ ಸೊತ್ತು ಹಲಾಲ್ ಆಗದಿದ್ದರೆ, ಏನನ್ನೂ ತೂಗಿ ನೋಡದೆ ಗೈರುಹಾಜರಿಯ ಕಾರಣಕ್ಕೆ ಹೊರಟ ಒಂದು ಸಾಲಿನ ಆದೇಶದಿಂದ ತಂಗಿಯ ಪಾಲು ಅಣ್ಣನಿಗೆ ಹೇಗೆ ಹಲಾಲ್ ಆದೀತು?

ಅಬೂ ದಾವೂದ್ ಗ್ರಂಥದ ವರದಿಯಲ್ಲಿ ಈ ಮಾತಿನ ಹಿನ್ನೆಲೆಯೂ ಇದೆ. ಇಬ್ಬರು ವಾರೀಸು ಸೊತ್ತಿನ ವ್ಯಾಜ್ಯ ತಂದಿದ್ದರು. ಇಬ್ಬರಲ್ಲೂ ತಮ್ಮ ಮಾತಿನ ಹೊರತು ಬೇರೆ ಪುರಾವೆ ಇರಲಿಲ್ಲ. ಈ ಎಚ್ಚರಿಕೆ ಕಿವಿಗೆ ಬಿದ್ದೊಡನೆ ಇಬ್ಬರೂ ಅತ್ತುಬಿಟ್ಟರು. ನನ್ನ ಹಕ್ಕು ನಿನಗೇ ಇರಲಿ ಎಂದು ಒಬ್ಬರಿಗೊಬ್ಬರು ಹೇಳತೊಡಗಿದರು. ಆಗ ಪ್ರವಾದಿವರ್ಯರು(ಸ) ನ್ಯಾಯವಾಗಿ ಪಾಲು ಮಾಡಿಕೊಂಡು, ಚೀಟಿ ಎತ್ತಿ, ಉಳಿದುದಕ್ಕೆ ಪರಸ್ಪರ ಕ್ಷಮಿಸಿಕೊಳ್ಳುವಂತೆ ತಿಳಿಸಿದರು. ಜಗಳವಾಡುತ್ತಾ ಬಂದವರು ಬಿಟ್ಟುಕೊಡುತ್ತಾ ಹೋದರು. ಅವರನ್ನು ಬದಲಿಸಿದ್ದು ಯಾವ ಕಾಯಿದೆ? ಪರಲೋಕದ ಭಯ.

ತಂಗಿ ಬಾರದಿದ್ದುದೇ ಒಪ್ಪಿಗೆ ಎಂದೂ ಹೇಳುವವರಿದ್ದಾರೆ. ಮನಸಾರೆ ಕೊಡದೆ ಯಾರ ಸೊತ್ತೂ ಇನ್ನೊಬ್ಬನಿಗೆ ಹಲಾಲ್ ಅಲ್ಲವೆಂದು ಪ್ರವಾದಿವರ್ಯರು(ಸ) ಕಲಿಸಿದ್ದಾರೆ. ಬಸ್ಸಿನ ಖರ್ಚಿಗೆ ಹೆದರಿ, ಮಗುವಿನ ಜ್ವರಕ್ಕೆ ಹೆದರಿ, ತವರು ತಪ್ಪೀತೆಂದು ಹೆದರಿ ಬಾರದವಳ ಮೌನವನ್ನು ಒಪ್ಪಿಗೆ ಎಂದು ಓದುವುದು ಯಾವ ನ್ಯಾಯ? ವಾರೀಸು ಪಾಲುಗಳನ್ನು ವಿವರಿಸಿದ ಮೇಲೆ, ಇವು ಅಲ್ಲಾಹನ ಮೇರೆಗಳು, ಇವನ್ನು ಮೀರುವವನಿಗೆ ನರಕಾಗ್ನಿಯಿದೆ ಎಂದು ಕುರ್‌ಆನ್ ಹೇಳಿರುವುದನ್ನು (4:13-14) ಮರೆಯಬಾರದು.

ಅಡಗಿ ಕೂರುವವರು

ಇನ್ನೊಂದು ಬಗೆಯ ಗೈರುಹಾಜರಿ ಇದೆ. ಅದರಲ್ಲಿ ಬಾರದವನು ದುರ್ಬಲನಲ್ಲ, ಬಲಾಢ್ಯ. ನೇಕಾರನು ತಿಂಗಳುಗಟ್ಟಲೆ ಕುಳಿತು, ಒಡಲಿನ ಹಾಸಿಗೆ ಸೆರಗಿನ ಹಾಸನ್ನು ಕೊಂಡಿ ಕೊಂಡಿಯಾಗಿ ಜೋಡಿಸಿ ನೇಯ್ದ ಇಳಕಲ್ ಸೀರೆಗಳನ್ನು ವ್ಯಾಪಾರಿಯೊಬ್ಬ ಸಾಲಕ್ಕೆ ಒಯ್ಯುತ್ತಾನೆ. ಹಣ ಬರುವುದಿಲ್ಲ. ದಾವೆ ಹೂಡಿದರೆ ಸಮನ್ಸು ತಂದವನಿಗೆ ಮನೆಯಲ್ಲಿಲ್ಲ ಎಂಬ ಉತ್ತರ. ಒಳಗಿನಿಂದ ಮಕ್ಕಳ ಬಾಯಲ್ಲಿ ಸುಳ್ಳು ಹೇಳಿಸುವವರೂ ಇದ್ದಾರೆ. ಕೊನೆಗೆ ಸಮನ್ಸು ಬಾಗಿಲಿಗೆ ಅಂಟಿಸಿ, ಏಕಪಕ್ಷೀಯವಾಗಿ ಡಿಕ್ರಿಯಾದ ಮೇಲೆ, ನನಗೆ ತಿಳಿದೇ ಇರಲಿಲ್ಲ ಎಂದು ಅರ್ಜಿ ಹಿಡಿದು ಬರುತ್ತಾನೆ. ಮತ್ತೆ ಮೊದಲಿನಿಂದ ವಾಯಿದೆಗಳು. ದಾವೆಯ ವಿಚಾರಣೆಯಲ್ಲಿ ಒಂದು ಕಕ್ಷಿಗೆ ಮೂರಕ್ಕಿಂತ ಹೆಚ್ಚು ಬಾರಿ ಮುಂದೂಡಿಕೆ ಕೊಡಬಾರದೆಂಬ ನಿಯಮ 2002ರಲ್ಲಿ ಜಾರಿಗೆ ಬಂದರೂ ಮುಂದೂಡುವ ಚಾಳಿ ನಿಂತಿಲ್ಲ.

ಉಳ್ಳವನು ಸಾಲ ತೀರಿಸದೆ ಸತಾಯಿಸುವುದು ಅಕ್ರಮವೆಂದು ಪ್ರವಾದಿವರ್ಯರು(ಸ) ಹೇಳಿದ್ದಾರೆ. ಪ್ರತಿಯೊಂದು ಸುಳ್ಳು ವಾಯಿದೆಯೂ ಅಂತಹ ಒಂದು ಅಕ್ರಮ. ನಿಜವಾದ ಅಡಚಣೆಗೆ ಇಸ್ಲಾಮ್ ಬಿಡುವು ಕೊಟ್ಟಿದೆ. ಹ. ಉಮರ್(ರ) ಅವರು ಅಬೂ ಮೂಸಾ ಅಶ್‌ಅರೀ(ರ) ಅವರಿಗೆ ನ್ಯಾಯದಾನದ ಕುರಿತು ಬರೆದ ಪ್ರಸಿದ್ಧ ಪತ್ರದಲ್ಲಿ, ಪುರಾವೆ ಸದ್ಯ ಕೈಯಲ್ಲಿಲ್ಲವೆನ್ನುವವನಿಗೆ ಅವಧಿ ಗೊತ್ತುಮಾಡಿ ಕೊಡಬೇಕು, ಆ ಅವಧಿಯೊಳಗೆ ತಂದರೆ ಅವನ ಹಕ್ಕು ಅವನಿಗೆ, ತಾರದಿದ್ದರೆ ಅವನ ವಿರುದ್ಧ ತೀರ್ಮಾನ ಎಂಬ ನಿರ್ದೇಶವಿದೆ. ಬಿಡುವೂ ಇರಬೇಕು, ಬಿಡುವಿಗೆ ಕೊನೆಯೂ ಇರಬೇಕು.

ಕರೆದಲ್ಲಿಗೆ ಹೋಗುವುದರಲ್ಲಿ ಮರ್ಯಾದೆ ಕುಂದುತ್ತದೆಂದು ಭಾವಿಸುವ ಮುಖಂಡರಿಗೆ ಅದೇ ಉಮರ್(ರ) ಅವರಲ್ಲಿ ಪಾಠವಿದೆ. ಅವರು ಖಲೀಫರಾಗಿದ್ದಾಗ ಉಬಯ್ಯ್ ಬಿನ್ ಕಅಬ್(ರ) ಅವರೊಡನೆ ಒಂದು ವ್ಯಾಜ್ಯವುಂಟಾಯಿತು. ಇಬ್ಬರೂ ಝೈದ್ ಬಿನ್ ಸಾಬಿತ್(ರ) ಅವರನ್ನು ತೀರ್ಪುಗಾರರನ್ನಾಗಿ ಒಪ್ಪಿದರು. ಖಲೀಫರು ಝೈದರನ್ನು ಅರಮನೆಗೆ ಕರೆಸಲಿಲ್ಲ, ತಾವೇ ಅವರ ಮನೆಗೆ ನಡೆದು ಹೋದರು. ಝೈದ್(ರ) ತಮ್ಮ ಪಕ್ಕದಲ್ಲಿ ಖಲೀಫರಿಗೆ ಜಾಗ ಬಿಟ್ಟಾಗ, ಇದು ನಿನ್ನ ತೀರ್ಪಿನ ಮೊದಲ ಅನ್ಯಾಯವೆಂದು ಹೇಳಿ ಎದುರುಕಕ್ಷಿಯ ಜೊತೆಯಲ್ಲೇ ಕುಳಿತರು. ಅಷ್ಟು ದೊಡ್ಡ ಸಾಮ್ರಾಜ್ಯದ ಅಧಿಪತಿ ಹಾಜರಾದರು. ನಾವು ಯಾವ ದೊಡ್ಡಸ್ತಿಕೆಯಿಂದ ಅಡಗಿ ಕೂರುತ್ತೇವೆ?

ಸಾಕ್ಷಿಗಳ ಮಾತೂ ಇದೇ. ಆ ತಂಗಿಯ ಪಾಲಿನ ಸತ್ಯ ಬಲ್ಲ ಚಿಕ್ಕಪ್ಪನೊಬ್ಬ ಬಾದಾಮಿಯಲ್ಲಿದ್ದಾನೆಂದುಕೊಳ್ಳಿ. ಅಣ್ಣನ ಮಕ್ಕಳ ಜಗಳ ನನಗೇಕೆ ಎಂದು ಅವನು ಸುಮ್ಮನಿದ್ದಾನೆ. ಕರೆದಾಗ ಸಾಕ್ಷಿಗಳು ನಿರಾಕರಿಸಕೂಡದೆಂದೂ (2:282) ಸಾಕ್ಷ್ಯ ಮರೆಮಾಚುವವನ ಹೃದಯವು ಪಾಪಿಯೆಂದೂ (2:283) ಕುರ್‌ಆನ್ ಹೇಳಿದೆ. ಜಗಳದಿಂದ ದೂರವಿದ್ದೇನೆಂದು ಭಾವಿಸಿದವನು ಪಾಪದಿಂದ ದೂರವಿಲ್ಲ.

ಹಕ್ಕುಳ್ಳವರಿಗೆ ಎರಡು ಮಾತು

ಅನ್ಯಾಯಕ್ಕೆ ಒಳಗಾದವರಿಗೂ ಒಂದು ಕರ್ತವ್ಯವಿದೆ. ಒಂಟೆಯನ್ನು ಕಟ್ಟಿಹಾಕಿ ಆಮೇಲೆ ಅಲ್ಲಾಹನ ಮೇಲೆ ಭರವಸೆಯಿಡಲು ಪ್ರವಾದಿವರ್ಯರು(ಸ) ಕಲಿಸಿದರು. ಕಾಗದಕ್ಕೆ ಸಹಿ ಹಾಕಿ, ವಕೀಲರಿಗೆ ಒಪ್ಪಿಸಿ, ಎರಡು ವರ್ಷ ಆ ಕಡೆ ತಲೆ ಹಾಕದಿರುವುದು ತವಕ್ಕುಲ್ ಅಲ್ಲ, ಉದಾಸೀನ. ಮುಂದಿನ ತಾರೀಖನ್ನು ಮನೆಯ ಕ್ಯಾಲೆಂಡರಿನಲ್ಲಿ ಗುರುತು ಹಾಕಿಡಿ. ಬರಲಾಗದ ಕಾರಣವಿದ್ದರೆ ಮುಂಚಿತವಾಗಿಯೇ ವಕೀಲರಿಗೆ ತಿಳಿಸಿ.

ದಾವೆ ವಜಾ ಆದರೂ ನಿರಾಶರಾಗಬೇಡಿ. ವಾದಿಯ ಗೈರುಹಾಜರಿಯಿಂದ ವಜಾ ಆದ ದಾವೆಯನ್ನು ಮತ್ತೆ ತೆಗೆದುಕೊಳ್ಳುವಂತೆ 30 ದಿನಗಳೊಳಗೆ ಅರ್ಜಿ ಸಲ್ಲಿಸಬಹುದು. ಬಾರದಿದ್ದುದಕ್ಕೆ ಸಾಕಷ್ಟು ಕಾರಣವಿತ್ತೆಂದು ನ್ಯಾಯಾಲಯಕ್ಕೆ ಮನವರಿಕೆಯಾಗಬೇಕು. 30 ದಿನ ಮೀರಿದ್ದರೆ ಆ ವಿಳಂಬಕ್ಕೂ ಕಾರಣ ತೋರಿಸಿ ಮನ್ನಿಸುವಂತೆ ಕೇಳಬೇಕು. ಇದನ್ನು ಬಿಟ್ಟು, ಪ್ರತಿವಾದಿಯ ಎದುರು ಹಾಗೆ ವಜಾ ಆದ ಅದೇ ಕಾರಣದ ಮೇಲೆ ಹೊಸ ದಾವೆ ಹೂಡಲು ಸಾಮಾನ್ಯವಾಗಿ ಬರುವುದಿಲ್ಲ. ಹಂಚಿಕೆಯಾಗದ ಆಸ್ತಿಯ ಪಾಲಿನ ವಿಷಯ ಬೇರೆ. ಆಸ್ತಿ ಒಟ್ಟಾಗಿರುವ ತನಕ ಪಾಲು ಕೇಳುವ ಹಕ್ಕು ಬತ್ತುವುದಿಲ್ಲವೆಂದು ಅನೇಕ ತೀರ್ಪುಗಳಲ್ಲಿ ಹೇಳಲಾಗಿದೆ. ವಕೀಲರು ಬಾರದ ತಪ್ಪಿಗೆ ನಿರ್ದೋಷಿ ಕಕ್ಷಿದಾರ ನರಳಬಾರದೆಂದು ಸುಪ್ರೀಂ ಕೋರ್ಟು 1981ರಲ್ಲಿ ರಫೀಕ್ ಎಂಬವರ ಪ್ರಕರಣದಲ್ಲಿ ಹೇಳಿದ್ದುಂಟು. ಆದರೆ ಕಕ್ಷಿದಾರನೇ ಮಲಗಿದ್ದರೆ ಆ ಆಸರೆ ಸಿಗದು.

ಹಣವಿಲ್ಲವೆಂದು ಹಿಂಜರಿಯುವ ಸಹೋದರಿಯರು ತಿಳಿದಿರಬೇಕಾದುದು: 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯಿದೆಯ ಪ್ರಕಾರ ಹೆಣ್ಣುಮಕ್ಕಳಿಗೆ ಉಚಿತ ಕಾನೂನು ನೆರವು ಪಡೆಯುವ ಹಕ್ಕಿದೆ, ಅದಕ್ಕೆ ಆದಾಯದ ಮಿತಿಯಿಲ್ಲ. ತಾಲೂಕಿನ ಕಾನೂನು ಸೇವಾ ಸಮಿತಿಯಲ್ಲಿ ವಿಚಾರಿಸಬಹುದು. ಮೇಲ್ಮನವಿಗಾಗಿ ಹಿಂದೆ ಬೆಂಗಳೂರಿಗೆ ಹೋಗಬೇಕಿತ್ತು. 2008ರಲ್ಲಿ ಧಾರವಾಡಕ್ಕೆ ಉಚ್ಚ ನ್ಯಾಯಾಲಯದ ಸಂಚಾರಿ ಪೀಠ ಬಂತು, 2013ರಲ್ಲಿ ಅದು ಖಾಯಂ ಆಯಿತು. ಈ ಭಾಗದವರಿಗೆ ದೂರವೆಂಬ ನೆಪ ಮೊದಲಿನಷ್ಟು ಉಳಿದಿಲ್ಲ.

ಎಲ್ಲಕ್ಕಿಂತ ಉತ್ತಮವಾದುದು ಸಂಧಾನ. ಮಸೀದಿಯಲ್ಲಿ ಕಅಬ್ ಬಿನ್ ಮಾಲಿಕ್(ರ) ಅವರು ತಮ್ಮ ಸಾಲಗಾರನೊಡನೆ ದನಿಯೇರಿಸಿ ಮಾತಾಡುತ್ತಿದ್ದಾಗ ಪ್ರವಾದಿವರ್ಯರು(ಸ) ಹೊರಬಂದು ಅರ್ಧ ಬಿಟ್ಟುಕೊಡುವಂತೆ ಸನ್ನೆ ಮಾಡಿದರು. ಕಅಬ್(ರ) ಒಪ್ಪಿದರು. ಕೂಡಲೇ ಸಾಲಗಾರನಿಗೆ, ಎದ್ದು ಉಳಿದುದನ್ನು ಕೊಡು ಎಂದು ಹೇಳಿದರು. ಸಂಧಾನವೆಂದರೆ ದುರ್ಬಲನೊಬ್ಬನೇ ಬಿಟ್ಟುಕೊಡುವುದಲ್ಲ. ಒಬ್ಬ ಬಿಟ್ಟರೆ ಇನ್ನೊಬ್ಬ ಅಲ್ಲೇ ಕೊಡಬೇಕು. ಇಂದು ಲೋಕ ಅದಾಲತ್ತಿನಲ್ಲಿ ಇಬ್ಬರೂ ಒಪ್ಪಿ ಮಾಡಿಕೊಂಡ ರಾಜಿಗೆ ಡಿಕ್ರಿಯ ಬಲವಿದೆ, ಅದರ ಮೇಲೆ ಅಪೀಲು ಇಲ್ಲ, ಕಟ್ಟಿದ ನ್ಯಾಯಾಲಯ ಶುಲ್ಕವೂ ಮರಳುತ್ತದೆ. ಜಮಾಅತ್ತಿನ ಹಿರಿಯರು ಇಬ್ಬರನ್ನೂ ಕೂರಿಸಿ ಮಾತಾಡಿಸಲಿ. ಆದರೆ ಒಬ್ಬರ ಮಾತು ಕೇಳಿ ಎದ್ದುಬಿಡಬಾರದು. ಹ. ಅಲೀ(ರ) ಅವರನ್ನು ನ್ಯಾಯಾಧೀಶರನ್ನಾಗಿ ಯಮನ್‌ಗೆ ಕಳುಹಿಸುವಾಗ, ಮೊದಲನೆಯವನಂತೆ ಎರಡನೆಯವನ ಮಾತನ್ನೂ ಕೇಳದೆ ತೀರ್ಪು ನೀಡಬಾರದೆಂದು ಪ್ರವಾದಿವರ್ಯರು(ಸ) ತಾಕೀತು ಮಾಡಿದ್ದರು. ತಂಗಿ ಬಾರದಿದ್ದರೆ ಅವಳ ಮನೆಗೆ ಹೋಗಿ ಕೇಳಿ ಬರಲಿ.

ಯಾರೂ ಗೈರುಹಾಜರಾಗದ ದಿನ

ಕೋರ್ಟಿನಲ್ಲಿ ನಾವು ಹಾಜರು, ಗೈರುಹಾಜರು, ವಕೀಲ ಎನ್ನುತ್ತೇವಲ್ಲ, ಅವೆಲ್ಲ ಅರಬಿ ಮೂಲದ ಶಬ್ದಗಳು. ಕರ್ಮಪತ್ರ ಇಡಲ್ಪಡುವ ದಿನ ಜನರು ತಾವು ಮಾಡಿದ್ದೆಲ್ಲವೂ 'ಹಾಜರು' ಇರುವುದನ್ನು ಕಾಣುವರೆಂದು ಕುರ್‌ಆನ್ ಅದೇ ಶಬ್ದ ಬಳಸಿ ಹೇಳುತ್ತದೆ (18:49). ಇಹಲೋಕದಲ್ಲಿ ಇವರ ಪರ ನೀವು ವಾದಿಸಿದಿರಿ ಸರಿ, ಅಂತ್ಯದಿನದಲ್ಲಿ ಇವರಿಗೆ 'ವಕೀಲ'ನಾಗುವವನು ಯಾರು ಎಂಬ ಪ್ರಶ್ನೆಯೂ ಅಲ್ಲಿದೆ (4:109).

ಆ ನ್ಯಾಯಾಲಯದಲ್ಲಿ ವಾಯಿದೆಯಿಲ್ಲ. ಸಮನ್ಸು ತಪ್ಪಿಸಿಕೊಳ್ಳಲು ಹಿತ್ತಲ ಬಾಗಿಲಿಲ್ಲ. ಎದುರು ಕಕ್ಷಿ ಬಾರದ ದಿನ ಎಂಬುದು ಅಲ್ಲಿ ಬರುವುದೇ ಇಲ್ಲ. ಬಸ್ಸಿಗೆ ಕಾಸಿಲ್ಲದೆ ಬಾಗಲಕೋಟೆಗೆ ಬರಲಾಗದ ತಂಗಿ ಅಲ್ಲಿಗೆ ಬಂದಿರುತ್ತಾಳೆ. ಬಾಯಿಗೆ ಮುದ್ರೆ ಬಿದ್ದು ಕೈಕಾಲುಗಳು ಸಾಕ್ಷಿ ನುಡಿಯುವಾಗ (36:65), ಪರಿಹಾರದ ಹಣ ಎಣಿಸಿದ ಬೆರಳುಗಳು ಏನು ಹೇಳಿಯಾವು? ನಮಾಝು, ಉಪವಾಸ, ಝಕಾತ್‌ಗಳ ರಾಶಿಯೊಂದಿಗೆ ಬಂದರೂ ಅನ್ಯರ ಸೊತ್ತು ತಿಂದದ್ದಕ್ಕೆ ಪುಣ್ಯವನ್ನೆಲ್ಲ ಅವರಿಗೆ ಕೊಟ್ಟು, ಕೊನೆಗೆ ಅವರ ಪಾಪ ಹೊತ್ತು ನರಕಕ್ಕೆ ಹೋಗುವವನೇ ನಿಜವಾದ ದಿವಾಳಿ ಎಂದು ಪ್ರವಾದಿವರ್ಯರು(ಸ) ತಿಳಿಸಿದ್ದಾರೆ.

ಇಲ್ಲಿ ವಜಾ ಆದ ದಾವೆಗೆ 30 ದಿನಗಳ ಬಾಗಿಲು. ಅಲ್ಲಿಯ ದಾವೆಗೆ ನಮ್ಮ ಉಸಿರಿರುವಷ್ಟು ದಿನಗಳ ಬಾಗಿಲು. ಅದು ಎಷ್ಟು ದಿನವೆಂದು ಬಲ್ಲವರಿಲ್ಲ. ಆದುದರಿಂದ ಯಾರ ಗೈರುಹಾಜರಿಯಿಂದ ನಿಮಗೆ ಲಾಭವಾಗಿದೆಯೋ ಅವರ ಮನೆಗೆ ಇವತ್ತೇ ಹೋಗಿರಿ. ಲೆಕ್ಕ ಮಾಡಿ ಪಾಲು ಕೊಡಿರಿ. ಒಟ್ಟಿಗೆ ಕೊಡಲಾಗದಿದ್ದರೆ ಇಷ್ಟು ನಿನ್ನದು ಎಂದು ಬರೆದುಕೊಟ್ಟು ಕಂತಿನಲ್ಲಿ ತೀರಿಸಿರಿ. ದಾವೆಯನ್ನು ಮತ್ತೆ ತೆಗೆದುಕೊಳ್ಳುವ ಅವಳ ಅರ್ಜಿಯ ನೋಟೀಸು ನಿಮ್ಮ ಕೈಗೆ ಬಂದಿದ್ದರೆ ತಕರಾರಿಲ್ಲ ಎಂದು ಹೇಳಿರಿ. ಆ ಎರಡು ಶಬ್ದ ನಾಳೆ ನಿಮ್ಮ ತಕ್ಕಡಿಯಲ್ಲಿ ಬೆಟ್ಟದಷ್ಟು ತೂಗಬಹುದು.

ನಮ್ಮ ವಿರುದ್ಧವಾದರೂ ಸತ್ಯವನ್ನೇ ನುಡಿಯುವ ಧೈರ್ಯವನ್ನೂ, ಕರೆದಾಗ ಹಾಜರಾಗುವ ವಿನಯವನ್ನೂ, ಅನ್ಯರ ಹಕ್ಕಿನಿಂದ ಮುಕ್ತರಾಗಿ ಅವನ ಸನ್ನಿಧಿಗೆ ಹೋಗುವ ಭಾಗ್ಯವನ್ನೂ ಅಲ್ಲಾಹನು ನಮಗೆಲ್ಲರಿಗೆ ಕರುಣಿಸಲಿ. ಆಮೀನ್.